ಕ್ಯಾಸಿನೊ ಮುಚ್ಚಿಸಿದವರ ಲಾಟರಿ

ಸೋವಿಯತ್ ಒಕ್ಕೂಟ 1928ರಲ್ಲಿ ಜೂಜಿನ ಅಡ್ಡೆಗಳನ್ನೆಲ್ಲ ಮುಚ್ಚಿಸಿತು. ದುಡಿಯದೆ ದುಡ್ಡು ಮಾಡೋದು ಬಂಡವಾಳಶಾಹಿಗಳ ಚಟ ಅನ್ನುವ ವಾದ. ಆದರೆ 1970ರ ಅಕ್ಟೋಬರ್‌ನಲ್ಲಿ ಅದೇ ಸರ್ಕಾರ ಮಾಸ್ಕೋದಲ್ಲಿ ಸ್ಪೋರ್ಟ್‌ಲೋಟೊ ಅನ್ನೋ ಲಾಟರಿ ಶುರು ಮಾಡಿತು. 49ರಲ್ಲಿ 6 ಅಂಕಿಗಳಿಗೆ ಗುರುತು ಹಾಕಬೇಕು, ಅಷ್ಟೇ. ಟಿಕೆಟ್ ಮಾರಿ ಬಂದ ದುಡ್ಡಲ್ಲಿ ಅರ್ಧ ಬಹುಮಾನಕ್ಕೆ, ಮಿಕ್ಕಿದ್ದರಲ್ಲಿ ಖರ್ಚು ಕಳೆದು ಕ್ರೀಡೆಗೆ. 1980ರ ಮಾಸ್ಕೋ ಒಲಿಂಪಿಕ್ಸ್‌ಗೂ ಇಲ್ಲಿಂದ ಹಣ ಹೋಯಿತು. ಹಾಗಾಗಿ ಇದು ಜೂಜಲ್ಲ, ಕ್ರೀಡೆಗೆ ನೆರವು!

ಲೆಕ್ಕ ಮಾತ್ರ ಬೇರೆ ಹೇಳುತ್ತದೆ. ಕ್ಯಾಸಿನೊದಲ್ಲಿ ಚಕ್ರ ತಿರುಗಿಸಿ ಆಡುವ, ಒಂದೇ ಸೊನ್ನೆ ಇರುವ ರೂಲೆಟ್‌ನಲ್ಲಿ 37 ಮನೆಗಳಿವೆ, ಒಂದು ಮನೆಗೆ ಪಣ ಕಟ್ಟಿ ಗೆದ್ದರೆ ಆ ಪಣವೂ ಸೇರಿ 36 ಪಟ್ಟು ಸಿಗುತ್ತದೆ. ಅಂದರೆ 100 ರೂಬಲ್ ಹಾಕಿದರೆ ಸರಾಸರಿ 97 ವಾಪಸ್. ಸ್ಪೋರ್ಟ್‌ಲೋಟೊದಲ್ಲಿ 50. ಮುಚ್ಚಿಸಿದ ಕ್ಯಾಸಿನೊನೇ ವಾಸಿ ಅನ್ನಿಸುತ್ತೆ ಅಲ್ವಾ? ಪೂರ್ತಿ ಹಾಗೂ ಅಲ್ಲ. ರೂಲೆಟ್ ಚಕ್ರ ಗಂಟೆಗೆ ಹತ್ತಾರು ಸಲ ತಿರುಗುತ್ತದೆ, ಪ್ರತಿ ಸಲವೂ ಆ ಚೂರು ಕಡಿತ ಇದ್ದೇ ಇರುತ್ತದೆ, ಕೂತಲ್ಲೇ ಸಂಬಳ ಕರಗುತ್ತದೆ. ಲಾಟರಿಯಲ್ಲಿ ಡ್ರಾಗೆ ದಿನಗಟ್ಟಲೆ ಕಾಯಬೇಕು.

ಆರೂ ಸರಿಯಾಗುವ ಸಾಧ್ಯತೆ 1,39,83,816ರಲ್ಲಿ ಒಂದು. ಮೂರು ಸರಿಯಾಗೋದು 57ರಲ್ಲಿ ಒಂದು, ಅದಕ್ಕೂ ಚಿಲ್ಲರೆ ಬಹುಮಾನ ಇತ್ತು. ಪಕ್ಕದ ಮನೆಯವರೋ ಜೊತೆ ಕೆಲಸದವರೋ ಆಗಾಗ ಮೂರು ಹೊಡೆದಿರುತ್ತಾರೆ, ಜನ ಅದನ್ನು ನೋಡಿಯೇ ಮತ್ತೆ ಟಿಕೆಟ್ ಕೊಳ್ಳುತ್ತಾರೆ.

ನನಗೆ ಜಾಸ್ತಿ ಹಿಡಿಸಿದ್ದು ಟಿಕೆಟ್‌ನ ಉಪಾಯ. ಮೊದಮೊದಲು ಒಂದೊಂದು ಅಂಕಿಗೂ ಒಂದೊಂದು ಆಟದ ಹೆಸರಿತ್ತು. ಹಾಗಾಗಿ ಅಂಕಿ ಆರಿಸುವವನಿಗೆ ತಾನೇ ತಂಡ ಕಟ್ಟಿದ ಹಾಗೆ, ತನ್ನ ತಿಳಿವಳಿಕೆಗೂ ಇಲ್ಲಿ ಕೆಲಸ ಇದೆ ಅನ್ನಿಸುವ ಹಾಗೆ. ಈ ಭ್ರಮೆಯನ್ನು ಅಮೆರಿಕದ ಮನಶ್ಶಾಸ್ತ್ರಜ್ಞೆ ಎಲೆನ್ ಲ್ಯಾಂಗರ್ 1975ರಲ್ಲಿ ಪ್ರಯೋಗ ಮಾಡಿ ತೋರಿಸಿದರು. 1 ಡಾಲರ್‌ನ ಲಾಟರಿ ಚೀಟಿಯನ್ನು ವಾಪಸ್ ಮಾರಲು, ಸುಮ್ನೆ ಕೈಗೆ ಕೊಟ್ಟಿದ್ದನ್ನು ಇಟ್ಟುಕೊಂಡವರು ಸರಾಸರಿ 1.96 ಡಾಲರ್ ಕೇಳಿದರು, ತಾವೇ ಆರಿಸಿಕೊಂಡವರು 8.67 ಡಾಲರ್. ಗೆಲ್ಲುವ ಸಾಧ್ಯತೆ ಇಬ್ಬರಿಗೂ ಒಂದೇ.

ಹಾಗಂತ ಬುದ್ಧಿಗೆ ಏನೂ ಕೆಲಸವಿಲ್ಲ ಅಂತಲ್ಲ. ಬಹುಮಾನದ ಹಣ ಗೆದ್ದವರ ನಡುವೆ ಹಂಚಿಹೋಗುವುದರಿಂದ, ಹೆಚ್ಚು ಜನ ಮುಟ್ಟದ ಅಂಕಿ ಆರಿಸಿದರೆ ಗೆದ್ದಾಗ ಪಾಲು ದೊಡ್ಡದು. ಗೆಲ್ಲುವ ಸಾಧ್ಯತೆ ಮಾತ್ರ ಕೂದಲೆಳೆಯಷ್ಟೂ ಏರುವುದಿಲ್ಲ. ಅದೂ ಅಲ್ಲದೆ ದೊಡ್ಡ ಬಹುಮಾನಕ್ಕೆ ಸರ್ಕಾರ ಮೊದಲೇ ಒಂದು ಮಿತಿ ಹಾಕಿತ್ತು, ಹಾಗಾಗಿ ಈ ಜಾಣತನವೂ ಅಲ್ಲಿಗೇ ನಿಲ್ಲುತ್ತಿತ್ತು.