ತೊಳೆದುಹೋದ ಸಾಕ್ಷಿ: ವೈಟ್‌ಚಾಪೆಲ್ ಕೊಲೆಗಾರ ಸಿಗದ ಕಾಲದ ಪತ್ತೇದಾರಿಕೆ

1888ರ ಸೆಪ್ಟೆಂಬರ್ 30ರ ನಸುಕು, 2 ಗಂಟೆ 55 ನಿಮಿಷ. ಲಂಡನ್ನಿನ ವೈಟ್‌ಚಾಪೆಲ್ ಪ್ರದೇಶದ ಗೌಲ್‌ಸ್ಟನ್ ಬೀದಿಯಲ್ಲಿ ಬೀಟ್ ತಿರುಗುತ್ತಿದ್ದ ಆಲ್ಫ್ರೆಡ್ ಲಾಂಗ್ ಎಂಬ ಕಾನ್‌ಸ್ಟೆಬಲ್‌ಗೆ ಒಂದು ವಠಾರದ ಬಾಗಿಲ ಬಳಿ ರಕ್ತ ಮೆತ್ತಿದ ಬಟ್ಟೆಯ ತುಂಡು ಕಂಡಿತು. ಒಂದು ಗಂಟೆಯ ಹಿಂದಷ್ಟೇ ಮೈಟರ್ ಚೌಕದಲ್ಲಿ ಹೆಣವಾಗಿ ಸಿಕ್ಕಿದ್ದ ಕ್ಯಾಥರಿನ್ ಎಡ್ಡೋಸ್ ಅವರ ಏಪ್ರನ್‌ನಿಂದ ಕತ್ತರಿಸಿದ ತುಂಡು ಅದು. ಅದರ ಮೇಲ್ಗಡೆ ಗೋಡೆಯ ಮೇಲೆ ಸೀಮೆಸುಣ್ಣದಲ್ಲಿ ಒಂದು ಸಾಲು ಬರೆದಿತ್ತು. ತಪ್ಪುತಪ್ಪು ಕಾಗುಣಿತ, ಅರ್ಥವೂ ಅಸ್ಪಷ್ಟ. ಆದರೆ ಅದರಲ್ಲಿ ಯಹೂದಿಗಳ ಹೆಸರಿತ್ತು.

ಸಿಟಿ ಪೊಲೀಸರು ಅದರ ಫೋಟೋ ತೆಗೆಯಬೇಕೆಂದರು. ಮೈಟರ್ ಚೌಕ ಸಿಟಿ ಪೊಲೀಸರ ಸರಹದ್ದು. ಗೌಲ್‌ಸ್ಟನ್ ಬೀದಿ ಮೆಟ್ರೋಪಾಲಿಟನ್ ಪೊಲೀಸರದ್ದು. ಒಂದೇ ಊರಿನಲ್ಲಿ ಎರಡು ಪೊಲೀಸ್ ಪಡೆ, ಇಬ್ಬರು ಕಮಿಷನರ್. ಮೆಟ್ರೋಪಾಲಿಟನ್ ಕಮಿಷನರ್ ಸರ್ ಚಾರ್ಲ್ಸ್ ವಾರನ್ ಖುದ್ದಾಗಿ ಬಂದರು. ಬೆಳಕು ಹರಿದು ಜನ ಸೇರಿದರೆ ಯಹೂದಿಗಳ ಮೇಲೆ ದೊಂಬಿಯಾಗುತ್ತದೆ ಎಂಬುದು ಅವರ ಭಯ. ಫೋಟೋಗ್ರಾಫರ್ ಬರುವವರೆಗೂ ಕಾಯದೆ, ಸುಮಾರು ಐದೂವರೆಗೆ ಬರಹವನ್ನು ಒರೆಸಿಸಿಬಿಟ್ಟರು.

ಅವರ ಭಯ ಸುಳ್ಳೆಂದು ನನಗೆ ಅನಿಸುವುದಿಲ್ಲ. ಅದೇ ತಿಂಗಳ ಮೊದಲಲ್ಲಿ ಜಾನ್ ಪೈಜರ್ ಎಂಬ ಯಹೂದಿ ಚಮ್ಮಾರನೇ ಕೊಲೆಗಾರನೆಂದು ಗುಲ್ಲೆದ್ದು, ಪಾಪ, ಆತ ಮನೆಯೊಳಗೆ ಅವಿತಿರಬೇಕಾಗಿತ್ತು. ಆತ ನಿರಪರಾಧಿ ಎಂಬುದು ಆಮೇಲೆ ಸಾಬೀತಾಯಿತು. ಆದರೆ ಬರಹದ ಮೇಲೊಂದು ಬಟ್ಟೆ ಮುಚ್ಚಿ, ಕಾವಲಿಟ್ಟು, ಒಂದು ಗಂಟೆ ಕಾಯಬಹುದಿತ್ತು. ಅಂಥ ಸಲಹೆಗಳು ಆ ಹೊತ್ತಿಗೇ ಬಂದಿದ್ದವು. ಗೋಡೆಯ ಮೇಲಿನ ಗುರುತೊಂದು ಕೋರ್ಟಿನಲ್ಲಿ ಮನುಷ್ಯರ ಬಾಯಿಮಾತಿನಷ್ಟೇ ತೂಗಬಹುದೆಂಬ ಯೋಚನೆ ಅಂದಿನ ಪೊಲೀಸ್ ವ್ಯವಸ್ಥೆಯಲ್ಲಿ ಇನ್ನೂ ಬೇರೂರಿರಲಿಲ್ಲ. ‘ಜ್ಯಾಕ್ ದಿ ರಿಪ್ಪರ್’ ಎಂದು ಜನ ಕರೆದ ಈ ಕೊಲೆಗಾರ ಮಹಾ ಚಾಣಾಕ್ಷನಾಗಿದ್ದ, ಅದಕ್ಕೇ ಸಿಗಲಿಲ್ಲ ಎಂದು ನೂರಮೂವತ್ತು ವರ್ಷಗಳಿಂದ ಹೇಳಿಕೊಂಡು ಬಂದಿದ್ದಾರೆ. ಆ ಮೂರು ತಿಂಗಳ ದಾಖಲೆಗಳನ್ನು ಓದಿದರೆ ಕಾಣುವುದೇ ಬೇರೆ. ಅವನನ್ನು ಉಳಿಸಿದ್ದು ಚಾಣಾಕ್ಷತನಕ್ಕಿಂತ ಹೆಚ್ಚಾಗಿ ಅವನು ಬದುಕಿದ್ದ ಕಾಲ.

ಸತ್ತವರನ್ನು ಮೊದಲು ನೆನೆಯಬೇಕು. ವೈಟ್‌ಚಾಪೆಲ್ ಕೊಲೆಗಳ ಕಡತದಲ್ಲಿ 1888ರಿಂದ 1891ರವರೆಗಿನ 11 ಸಾವುಗಳಿವೆ. ಅವುಗಳಲ್ಲಿ ಐದನ್ನು ಸಾಮಾನ್ಯವಾಗಿ ಒಬ್ಬನದೇ ಕೈವಾಡ ಎನ್ನುತ್ತಾರೆ. ಆಗಸ್ಟ್ 31ರಂದು ಮೇರಿ ಆನ್ ನಿಕೋಲ್ಸ್, ಸೆಪ್ಟೆಂಬರ್ 8ರಂದು ಆ್ಯನಿ ಚಾಪ್ಮನ್, ಸೆಪ್ಟೆಂಬರ್ 30ರ ಒಂದೇ ರಾತ್ರಿ ಎಲಿಜಬೆತ್ ಸ್ಟ್ರೈಡ್ ಮತ್ತು ಕ್ಯಾಥರಿನ್ ಎಡ್ಡೋಸ್, ನವೆಂಬರ್ 9ರಂದು ಮೇರಿ ಜೇನ್ ಕೆಲ್ಲಿ. ಕೆಲ್ಲಿಯೊಬ್ಬಳನ್ನು ಬಿಟ್ಟರೆ ಉಳಿದವರೆಲ್ಲ ನಲವತ್ತು ದಾಟಿದವರು, ಗಂಡನಿಂದಲೋ ಸಂಗಾತಿಯಿಂದಲೋ ದೂರವಾಗಿ ಬಡತನಕ್ಕೆ ಬಿದ್ದವರು. ನಿಕೋಲ್ಸ್ ಆ ರಾತ್ರಿ ಬೀದಿಯಲ್ಲಿದ್ದದ್ದು ಏಕೆಂದರೆ ಥ್ರಾಲ್ ಬೀದಿಯ ತಂಗುಮನೆಯಲ್ಲಿ ಹಾಸಿಗೆಗೆ ಕೊಡಬೇಕಾದ ನಾಲ್ಕು ಪೆನ್ನಿ ಆಕೆಯ ಬಳಿ ಇರಲಿಲ್ಲ. ಎಡ್ಡೋಸ್ ಕುಡಿದು ಬಿದ್ದಿದ್ದಕ್ಕೆ ಬಿಷಪ್ಸ್‌ಗೇಟ್ ಠಾಣೆಯಲ್ಲಿದ್ದರು. ರಾತ್ರಿ ಒಂದರ ಹೊತ್ತಿಗೆ ಬಿಟ್ಟು ಕಳಿಸಿದರು. ಒಂದೂ ಮುಕ್ಕಾಲಿಗೆ ಹೆಣ ಸಿಕ್ಕಿತು. ಕೊಲೆಗಾರನ ಬಗ್ಗೆ ಬಂದ ಪುಸ್ತಕ, ಸಿನಿಮಾಗಳಿಗೆ ಲೆಕ್ಕವಿಲ್ಲ. ಈ ಐವರ ಬದುಕನ್ನು ಕುರಿತು ಜನ ಕೇಳತೊಡಗಿದ್ದು ತೀರಾ ಈಚೆಗೆ.

ಈಗ ನಮ್ಮಲ್ಲಿ ಕೊಲೆಯಾದರೆ ಮೊದಲು ಜಾಗಕ್ಕೆ ಹಗ್ಗ ಕಟ್ಟುತ್ತಾರೆ, ಪಂಚರನ್ನು ಕರೆದು ಸ್ಥಳ ಮಹಜರು ಮಾಡುತ್ತಾರೆ, ಸಿಕ್ಕಿದ್ದನ್ನೆಲ್ಲ ಸೀಲ್ ಹಾಕಿ ಕಳಿಸುತ್ತಾರೆ. ನಿಕೋಲ್ಸ್ ಕೊಲೆಯಾದ ಬಕ್ಸ್ ರೋ ಬೀದಿಯಲ್ಲಿ, ಇನ್‌ಸ್ಪೆಕ್ಟರ್ ಬರುವ ಹೊತ್ತಿಗೆ ಕಲ್ಲುಹಾಸಿನ ಮೇಲಿನ ರಕ್ತವನ್ನು ನೀರು ಹಾಕಿ ತೊಳೆಯುತ್ತಿದ್ದರು. ಹೆಣವನ್ನು ಶವಾಗಾರಕ್ಕೆ ಒಯ್ದ ಮೇಲೆ ವರ್ಕ್‌ಹೌಸ್ ಎಂಬ ಬಡವರ ದುಡಿಮೆಮನೆಯ ಇಬ್ಬರು ವಾಸಿಗಳು ಬಟ್ಟೆ ಬಿಚ್ಚಿ ಶುಚಿ ಮಾಡಿಬಿಟ್ಟರು. ವಿಚಾರಣೆಯಲ್ಲಿ ಇದಕ್ಕೆ ಆಕ್ಷೇಪ ಬಂತು. ಎಂಟು ದಿನ ಕಳೆದು ಚಾಪ್ಮನ್ ಹೆಣ ಬಂದಾಗ ವೈದ್ಯರು ನೋಡುವ ಮೊದಲೇ ಮತ್ತೆ ಅದೇ ಕೆಲಸ, ಈ ಸಲ ಇಬ್ಬರು ದಾದಿಯರಿಂದ. ಯಾರಿಗೂ ಕೆಟ್ಟ ಉದ್ದೇಶವಿರಲಿಲ್ಲ. ಸತ್ತವರನ್ನು ತೊಳೆದು ಮಡಿ ಮಾಡಿಡುವುದು ಮರ್ಯಾದೆ ಎಂದೇ ಅವರು ತಿಳಿದಿದ್ದರು.

ಇಂಥ ಪರಿಸ್ಥಿತಿಗೆ ಕಾರಣ ಲಂಡನ್ ಪೊಲೀಸರ ಹುಟ್ಟಿನಲ್ಲೇ ಇದೆ. ರಾಬರ್ಟ್ ಪೀಲ್ 1829ರಲ್ಲಿ ಕಟ್ಟಿದ ಪಡೆಯ ಉದ್ದೇಶ ಅಪರಾಧ ನಡೆಯದಂತೆ ತಡೆಯುವುದು, ಅಂದರೆ ಸಮವಸ್ತ್ರ ತೊಟ್ಟು ಬೀದಿ ಸುತ್ತುವುದು. ಮಫ್ತಿಯಲ್ಲಿ ಬೇಹು ನೋಡುವವರನ್ನು ಕಂಡರೆ ಆಂಗ್ಲರಿಗೆ ಆಗುತ್ತಿರಲಿಲ್ಲ; ಅದು ಫ್ರೆಂಚರ ಗೂಢಚಾರಿಕೆ ಎಂದು ಹೇಸುತ್ತಿದ್ದರು. ಹಾಗಾಗಿ ಪತ್ತೇದಾರಿ ವಿಭಾಗ ಶುರುವಾಗಲು 1842ರವರೆಗೆ ಕಾಯಬೇಕಾಯಿತು, ಅದೂ ಎಂಟು ಜನರಿಂದ. ಅವರಲ್ಲಿ ಹೆಸರಾದ ಜ್ಯಾಕ್ ವಿಚರ್ 1860ರಲ್ಲಿ ರೋಡ್ ಹಿಲ್ ಮನೆಯ ಮಗುವಿನ ಕೊಲೆಯಲ್ಲಿ ಆ ಮನೆಯ ಮಗಳು ಕಾನ್‌ಸ್ಟನ್ಸ್ ಕೆಂಟ್ ಮೇಲೆ ಸಂಶಯಪಟ್ಟರು. ಗೌರವಸ್ಥರ ಮನೆಯ ಹೆಣ್ಣಿನ ಮೇಲೆ ಕೈ ಹಾಕಿದನೆಂದು ಪತ್ರಿಕೆಗಳು ಅವರನ್ನು ಹರಿದು ತಿಂದವು. ಐದು ವರ್ಷದ ಮೇಲೆ ಆಕೆಯೇ ತಪ್ಪೊಪ್ಪಿಕೊಂಡಳು. ಅಷ್ಟರಲ್ಲಿ ವಿಚರ್ ಕೆಲಸ ಬಿಟ್ಟಾಗಿತ್ತು. 1877ರಲ್ಲಿ ಹಿರಿಯ ಪತ್ತೇದಾರರೇ ಲಂಚದ ಹಗರಣದಲ್ಲಿ ಜೈಲು ಸೇರಿದರು. ಮರುವರ್ಷ ಇಡೀ ವಿಭಾಗವನ್ನು ಹೊಸದಾಗಿ ಕಟ್ಟಿ ಸಿಐಡಿ ಎಂದು ಹೆಸರಿಟ್ಟರು. ವೈಟ್‌ಚಾಪೆಲ್ ಕೊಲೆಗಳು ಶುರುವಾದಾಗ ಸಿಐಡಿಗೆ ಹತ್ತು ವರ್ಷ.

ಶ್ರಮದಲ್ಲಿ ಅವರು ಹಿಂದೆ ಬೀಳಲಿಲ್ಲ. ಬೀದಿ ಬೀದಿ ಬಲ್ಲ ಇನ್‌ಸ್ಪೆಕ್ಟರ್ ಫ್ರೆಡರಿಕ್ ಆ್ಯಬರ್‌ಲೈನ್ ಸ್ಥಳದಲ್ಲಿದ್ದರು. ಡೊನಾಲ್ಡ್ ಸ್ವಾನ್ಸನ್ ಮೆಟ್ರೋಪಾಲಿಟನ್ ಪೊಲೀಸರ ಕೇಂದ್ರ ಕಚೇರಿಯಾದ ಸ್ಕಾಟ್ಲೆಂಡ್ ಯಾರ್ಡ್‌ನಲ್ಲಿ ಕೂತು ಬಂದ ಕಾಗದವನ್ನೆಲ್ಲ ಓದುತ್ತಿದ್ದರು. ಅಕ್ಟೋಬರ್ ವೇಳೆಗೆ 80,000 ಕರಪತ್ರ ಹಂಚಿ, ಮನೆ ಮನೆ ವಿಚಾರಣೆ ನಡೆಸಿ, 76 ಕಟುಕರನ್ನು ಮಾತಾಡಿಸಿ, ಸುಮಾರು 80 ಮಂದಿಯನ್ನು ಠಾಣೆಗೆ ಕರೆತಂದಿದ್ದರು. ಆದರೆ ಕರೆತಂದವನು ಹೌದೋ ಅಲ್ಲವೋ ಎಂದು ಒರೆ ಹಚ್ಚುವುದು ಹೇಗೆ? ಕಸಾಯಿಖಾನೆಗಳಿದ್ದ ಪ್ರದೇಶದಲ್ಲಿ ಅಂಗಿಯ ಮೇಲೆ ರಕ್ತವಿರುವವರು ಬೇಕಾದಷ್ಟು ಮಂದಿ. ಅದು ಕುರಿಯದೋ ಮನುಷ್ಯರದೋ ಎಂದು ಖಚಿತವಾಗಿ ಹೇಳುವ ಪರೀಕ್ಷೆ ಆಗ ಇರಲಿಲ್ಲ. ಒಂದೋ ಕಣ್ಣಾರೆ ಕಂಡ ಸಾಕ್ಷಿ ಬೇಕು, ಇಲ್ಲವೇ ತಪ್ಪೊಪ್ಪಿಗೆ. ಕೆಲ್ಲಿಯ ಕೋಣೆಯ ಹೊರಗೆ ಪೊಲೀಸರು ಎರಡು ಗಂಟೆಗೂ ಹೆಚ್ಚು ಹೊತ್ತು ವಾಸನೆ ಹಿಡಿಯುವ ನಾಯಿಗಳಿಗಾಗಿ ಕಾದು ನಿಂತರು. ನಾಯಿಗಳು ಬರಲಿಲ್ಲ, ಕೊಡಲಿಯಿಂದ ಬಾಗಿಲು ಒಡೆದರು. ಒಳಗೆ ಹೆಣ ಬಿದ್ದಿದ್ದ ಹಾಗೇ ಅದರ ಫೋಟೋ ತೆಗೆಸಿದ್ದು ಮಾತ್ರ ಆ ಕಾಲಕ್ಕೆ ದೊಡ್ಡ ಹೆಜ್ಜೆ. ಮರುದಿನ ಡಾ. ಥಾಮಸ್ ಬಾಂಡ್, ಗಾಯಗಳನ್ನು ನೋಡಿ ಕೊಲೆಗಾರನ ಸ್ವಭಾವ ಊಹಿಸಿ ಒಂದು ವರದಿ ಕೊಟ್ಟರು: ದೈಹಿಕ ಬಲವುಳ್ಳವನು, ಒಂಟಿ ಸ್ವಭಾವದವನು, ನೋಡಲು ನಿರುಪದ್ರವಿ. ಅಪರಾಧಿಯ ಮನೋಚಿತ್ರ ಬರೆಯುವ ವಿದ್ಯೆಯ ಮೊದಲ ಮಾದರಿಗಳಲ್ಲಿ ಅದೂ ಒಂದು.

ಆ ಕೊಲೆಗಳಿಗೂ ಎಂಟು ವರ್ಷ ಹಿಂದಿನ ಒಂದು ಸಂಗತಿ ನನ್ನನ್ನು ಬಹಳ ಕಾಡುತ್ತದೆ. 1880ರ ಅಕ್ಟೋಬರ್‌ನಲ್ಲಿ, ಜಪಾನಿನಲ್ಲಿದ್ದ ಹೆನ್ರಿ ಫೌಲ್ಡ್ಸ್ ಎಂಬ ಸ್ಕಾಟಿಷ್ ವೈದ್ಯರು ‘ನೇಚರ್’ ಪತ್ರಿಕೆಗೆ ಪತ್ರ ಬರೆದು, ಕೊಲೆ ನಡೆದ ಜಾಗದ ಬೆರಳ ಗುರುತಿನಿಂದ ಅಪರಾಧಿಯನ್ನು ಹಿಡಿಯಬಹುದು ಎಂದಿದ್ದರು. ಊರಿಗೆ ಮರಳಿದ ಮೇಲೆ ಸ್ಕಾಟ್ಲೆಂಡ್ ಯಾರ್ಡ್‌ಗೂ ಹೇಳಿ ನೋಡಿದರು. ಅವರು ಒಪ್ಪಲಿಲ್ಲ. ಅದಕ್ಕೂ ಮೊದಲು, 1858ರಲ್ಲೇ, ಬಂಗಾಳದ ಜಂಗೀಪುರದಲ್ಲಿ ವಿಲಿಯಂ ಹರ್ಷಲ್ ಎಂಬ ಅಧಿಕಾರಿ ರಸ್ತೆಗೆ ಸಾಮಾನು ಒದಗಿಸುವ ಕರಾರಿನ ಮೇಲೆ ರಾಜ್ಯಧರ ಕೋನಾಯಿ ಎಂಬ ಗುತ್ತಿಗೆದಾರನ ಅಂಗೈ ಅಚ್ಚು ಒತ್ತಿಸಿಕೊಂಡಿದ್ದರು.

ಗುರುತು ಇಟ್ಟುಕೊಳ್ಳುವುದು ಸುಲಭ. ಸಾವಿರಾರು ಹಾಳೆಗಳ ನಡುವೆ ಒಂದನ್ನು ಹುಡುಕುವುದೇ ಕಷ್ಟ. ಆ ಗಂಟನ್ನು ಬಿಚ್ಚಿದ್ದು ಕೋಲ್ಕತ್ತಾದಲ್ಲಿ. ಬಂಗಾಳದ ಪೊಲೀಸ್ ಮುಖ್ಯಸ್ಥ ಎಡ್ವರ್ಡ್ ಹೆನ್ರಿ ಕೈಕೆಳಗೆ ಕೆಲಸಕ್ಕಿದ್ದ ಅಜೀಜುಲ್ ಹಕ್ ಹತ್ತು ಬೆರಳಿನ ಸುಳಿಗಳನ್ನು ಲೆಕ್ಕಕ್ಕೆ ಇಳಿಸಿ, 32 ಸಾಲು, 32 ಕಂಬ, ಒಟ್ಟು 1,024 ಗೂಡುಗಳಲ್ಲಿ ಕಾಗದ ಜೋಡಿಸುವ ಕ್ರಮವನ್ನು ರೂಪಿಸಿದರು. ಹೇಮಚಂದ್ರ ಬೋಸ್ ಅದನ್ನು ಮತ್ತಷ್ಟು ವಿಸ್ತರಿಸಿದರು. 1897ರಲ್ಲಿ ಅಲ್ಲಿ ಬೆರಳಚ್ಚು ಕಚೇರಿ ಶುರುವಾಯಿತು. ಜಗತ್ತಿನಾದ್ಯಂತ ಆ ಕ್ರಮಕ್ಕೆ ಉಳಿದದ್ದು ಹೆನ್ರಿಯ ಹೆಸರು. ಹಕ್ ಮತ್ತು ಬೋಸ್ ಅವರಿಗೆ ಸಿಕ್ಕಿದ್ದು ‘ಖಾನ್ ಬಹಾದ್ದೂರ್’, ‘ರಾಯ್ ಬಹಾದ್ದೂರ್’ ಬಿರುದು, ಅದೂ ಬಹಳ ವರ್ಷ ಕಳೆದು. ಇದು ಅನ್ಯಾಯವೇ.

ಕಚೇರಿ ಶುರುವಾದ 1897ರಲ್ಲೇ ಜಲಪಾಯ್‌ಗುಡಿ ಕಡೆಯ ಒಂದು ಚಹಾ ತೋಟದ ಮ್ಯಾನೇಜರ್ ಕತ್ತು ಕೊಯ್ಸಿಕೊಂಡು ಸತ್ತುಬಿದ್ದಿದ್ದ. ಪೆಟ್ಟಿಗೆಯ ಹಣ ಹೋಗಿತ್ತು. ಅಡುಗೆಯವನಿಂದ ಹಿಡಿದು ಊರೂರು ಸುತ್ತುವ ಕಾಬೂಲಿಗಳವರೆಗೆ ಎಲ್ಲರ ಮೇಲೂ ಸಂಶಯ. ಪೆಟ್ಟಿಗೆಯ ಕಾಗದಗಳ ನಡುವೆ ಒಂದು ಬಂಗಾಳಿ ಪಂಚಾಂಗವಿತ್ತು. ಅದರ ನೀಲಿ ರಟ್ಟಿನ ಮೇಲೆ ಕಂದು ಬಣ್ಣದ ಮಸುಕು ಗುರುತು. ಭೂತಗನ್ನಡಿಯಲ್ಲಿ ನೋಡಿದರೆ ಬಲಗೈ ಹೆಬ್ಬೆರಳಿನ ಗೆರೆಗಳು. ಕೋಲ್ಕತ್ತಾ ಕಚೇರಿಯ ಹಾಳೆಗಳಲ್ಲಿ ಹುಡುಕಿದಾಗ, ಹಿಂದೆ ಕಳ್ಳತನಕ್ಕೆ ಶಿಕ್ಷೆಯಾಗಿದ್ದ ಮಾಜಿ ಆಳು ಕಾಂಗಾಲಿ ಚರಣನ ಅಚ್ಚು ತಾಳೆಯಾಯಿತು. 1898ರಲ್ಲಿ ಕೋರ್ಟು ಕಳ್ಳತನಕ್ಕೆ ಶಿಕ್ಷೆ ಕೊಟ್ಟಿತು, ಕೊಲೆಯ ಆರೋಪದಿಂದ ಬಿಟ್ಟಿತು: ಕೊಂದದ್ದನ್ನು ಕಂಡವರಿಲ್ಲ ಎಂದು. ಹಳೆಯ ಕಾಲವೂ ಹೊಸ ಕಾಲವೂ ಆ ಒಂದೇ ತೀರ್ಪಿನಲ್ಲಿ ಕೂತಿವೆ.

1901ರಲ್ಲಿ ಹೆನ್ರಿ ಲಂಡನ್ನಿಗೆ ಹೋಗಿ ಸ್ಕಾಟ್ಲೆಂಡ್ ಯಾರ್ಡ್‌ನಲ್ಲಿ ಬೆರಳಚ್ಚು ವಿಭಾಗ ತೆರೆದರು. 1905ರಲ್ಲಿ ಡೆಪ್ಟ್‌ಫರ್ಡ್‌ನ ಅಂಗಡಿಯ ಹಣದ ಪೆಟ್ಟಿಗೆ ಮೇಲಿನ ಒಂದು ಹೆಬ್ಬೆರಳ ಗುರುತು ಸ್ಟ್ರ್ಯಾಟನ್ ಸಹೋದರರನ್ನು ನೇಣಿಗೆ ಏರಿಸಿತು. ರಕ್ತದ ಪ್ರಶ್ನೆಗೆ ಉತ್ತರ ಸಿಕ್ಕಿದ್ದೂ 1901ರಲ್ಲೇ. ಜರ್ಮನಿಯ ಪಾಲ್ ಊಲೆನ್‌ಹೂತ್ ಮನುಷ್ಯರ ರಕ್ತವನ್ನು ಪ್ರಾಣಿಗಳದರಿಂದ ಬೇರ್ಪಡಿಸುವ ಪರೀಕ್ಷೆ ಕಂಡುಹಿಡಿದರು. ಅದೇ ವರ್ಷ ರ‍್ಯೂಗನ್ ದ್ವೀಪದಲ್ಲಿ ಇಬ್ಬರು ಹುಡುಗರ ಕೊಲೆಯಾಯಿತು. ಸಂಶಯಕ್ಕೆ ಸಿಕ್ಕ ಬಡಗಿ ಲುಡ್‌ವಿಗ್ ಟೆಸ್ನೋವ್, ಬಟ್ಟೆಯ ಮೇಲಿನದು ಮರಕ್ಕೆ ಬಳಿಯುವ ಬಣ್ಣವೆಂದು ಸಾಧಿಸಿದ. ಅದೇ ಮಾತು ಹೇಳಿ 1898ರಲ್ಲಿ ಇನ್ನಿಬ್ಬರು ಬಾಲಕಿಯರ ಕೊಲೆಯ ಸಂಶಯದಿಂದ ಅವನು ಪಾರಾಗಿದ್ದ. ಈ ಸಲ ಪರೀಕ್ಷೆಯಲ್ಲಿ ಮನುಷ್ಯರ ರಕ್ತವೂ ಕುರಿಯ ರಕ್ತವೂ ಬೇರೆ ಬೇರೆಯಾಗಿ ತೋರಿದವು. ವೈಟ್‌ಚಾಪೆಲ್‌ನ ಕಟುಕರನ್ನು ವಿಚಾರಿಸಿದ್ದ ಪೊಲೀಸರಿಗೆ ಬೇಕಾಗಿದ್ದದ್ದು ಇದೇ. ಹದಿಮೂರು ವರ್ಷ ತಡವಾಯಿತು.

ಡಿಎನ್‌ಎ ಬಂದದ್ದು ಇನ್ನೂ ಎಷ್ಟೋ ಕಾಲದ ಮೇಲೆ, 1984ರಲ್ಲಿ ಅಲೆಕ್ ಜೆಫ್ರೀಸ್ ಕೈಯಲ್ಲಿ. ಲೆಸ್ಟರ್ ಬಳಿ ಇಬ್ಬರು ಹುಡುಗಿಯರ ಕೊಲೆಯಲ್ಲಿ ಅದು ಮೊದಲು ಮಾಡಿದ ಕೆಲಸ, ತಪ್ಪೊಪ್ಪಿಕೊಂಡಿದ್ದ ಹದಿನೇಳರ ಹುಡುಗನನ್ನು ನಿರಪರಾಧಿ ಎಂದು ತೋರಿಸಿದ್ದು. ನಿಜವಾದ ಕೊಲೆಗಾರನಿಗೆ 1988ರಲ್ಲಿ, ವೈಟ್‌ಚಾಪೆಲ್ ಕೊಲೆಗಳ ನೂರನೇ ವರ್ಷದಲ್ಲಿ, ಶಿಕ್ಷೆಯಾಯಿತು.

ಈ ಪರೀಕ್ಷೆಯನ್ನು ಹಳೆಯ ಪ್ರಕರಣದ ಮೇಲೂ ಪ್ರಯೋಗಿಸಿದ್ದಾರೆ. ಎಡ್ಡೋಸ್ ಅವರದೆನ್ನಲಾದ ಒಂದು ರೇಷ್ಮೆ ಶಾಲಿನ ಡಿಎನ್‌ಎ ಆಧರಿಸಿ ಕೊಲೆಗಾರ ಆರನ್ ಕೊಸ್ಮಿನ್‌ಸ್ಕಿ ಎಂದು 2014ರಲ್ಲೊಮ್ಮೆ, 2019ರಲ್ಲೊಮ್ಮೆ ಘೋಷಣೆಯಾಯಿತು. ನಮ್ಮ ಸುದ್ದಿತಾಣಗಳಲ್ಲೂ ‘ರಹಸ್ಯ ಬಯಲು’ ಎಂದೇ ಬಂತು. ಕೊಸ್ಮಿನ್‌ಸ್ಕಿ ಎಂಬ ಹೆಸರು ಪೊಲೀಸ್ ಅಧಿಕಾರಿ ಮೆಲ್‌ವಿಲ್ ಮ್ಯಾಕ್‌ನಾಟನ್ 1894ರಲ್ಲಿ ಬರೆದ ಟಿಪ್ಪಣಿಯ ಮೂವರು ಶಂಕಿತರಲ್ಲಿ ಇದ್ದದ್ದು ನಿಜ. ಆದರೆ ಶಾಲಿನ ಮೇಲೆ ಪರೀಕ್ಷಿಸಿದ ಬಗೆಯ ಡಿಎನ್‌ಎ ತಾಯಿಯ ಕಡೆಯಿಂದ ಬರುವಂಥದ್ದು, ಸಾವಿರಾರು ಜನರಲ್ಲಿ ಒಂದೇ ಆಗಿರಬಹುದು. ಶಾಲನ್ನು ಎಷ್ಟೋ ಕೈಗಳು ಮುಟ್ಟಿವೆ. ಎಲ್ಲಕ್ಕಿಂತ ದೊಡ್ಡ ತೊಡಕು 1888ರದೇ ಒಂದು ಕಾಗದ. ಆ ರಾತ್ರಿ ಸಿಟಿ ಪೊಲೀಸರು ಎಡ್ಡೋಸ್ ಮೈಮೇಲೆ, ಜೇಬಿನಲ್ಲಿ ಇದ್ದದ್ದನ್ನೆಲ್ಲ ಒಂದೂ ಬಿಡದೆ ಬರೆದಿಟ್ಟರು: ಸಕ್ಕರೆಯ ಡಬ್ಬಿ, ಚಹಾ ಪುಡಿಯ ಡಬ್ಬಿ, ಹನ್ನೆರಡು ಬಿಳಿ ಬಟ್ಟೆಚೂರು, ಒಂದು ಬಾಚಣಿಗೆ, ಒಂಟಿ ಕೆಂಪು ಕೈಗವಸು, ಸಾಸಿವೆ ಡಬ್ಬಿಯಲ್ಲಿ ಗಿರವಿ ಅಂಗಡಿಯ ಎರಡು ಚೀಟಿ. ಪಟ್ಟಿಯಲ್ಲಿ ಎಲ್ಲೂ ಅಂಥ ಶಾಲು ಇಲ್ಲ. ಹಾಗಾಗಿ ಅದರ ಮೇಲೆ ಯಾರ ಡಿಎನ್‌ಎ ಸಿಕ್ಕರೂ, ಆ ಶಾಲು ಅಂದು ಮೈಟರ್ ಚೌಕದಲ್ಲಿತ್ತು ಎಂದು ತೋರಿಸಲು ಯಾವ ದಾರಿಯೂ ಇಲ್ಲ.