ಎರಡು ಸಿನಿಮಾಗಳ ನಡುವೆ ನಿರ್ದೇಶಕರ ಹೊಟ್ಟೆಪಾಡು ಹೇಗೆ?

ಓದುಗರ ಪ್ರಶ್ನೆ: ತಾವೇ ಬರೆದು ತಾವೇ ನಿರ್ದೇಶಿಸುವ ಸ್ವತಂತ್ರ ಸಿನಿಮಾದವರು ಮೂರ್ನಾಲ್ಕು ವರ್ಷಕ್ಕೊಂದು ಚಿತ್ರ ಮಾಡ್ತಾರೆ. ಅದೂ ಹೆಚ್ಚು ದಿನ ಓಡುವುದಿಲ್ಲ. ಮತ್ತೆ ಅವರ ಜೀವನ ನಡೆಯೋದು ಹೇಗೆ?

ನೇರವಾಗಿ ಹೇಳ್ತೀನಿ. ಬಹಳಷ್ಟು ಜನರ ಜೀವನ ಅವರ ಸಿನಿಮಾದಿಂದ ನಡೆಯುವುದಿಲ್ಲ, ಬೇರೆ ಕೆಲಸದಿಂದ ನಡೆಯುತ್ತದೆ.

2025ರ ಫೆಬ್ರವರಿಯಲ್ಲಿ ಸ್ಪಿರಿಟ್ ಪ್ರಶಸ್ತಿ (ಅಮೆರಿಕದಲ್ಲಿ ಸ್ವತಂತ್ರ ಸಿನಿಮಾಗಳಿಗೆ ಕೊಡುವ ಪ್ರಶಸ್ತಿ) ಪಡೆದಾಗ ‘ಅನೋರಾ’ ಚಿತ್ರದ ನಿರ್ದೇಶಕ ಶಾನ್ ಬೇಕರ್ ಈ ಲೆಕ್ಕವನ್ನೇ ಎಲ್ಲರ ಮುಂದಿಟ್ಟರು. ಒಂದು ಚಿತ್ರಕ್ಕೆ ಮೂರು ವರ್ಷ ಹಿಡಿಯುತ್ತದೆ, ಸಿಗುವ ಸಂಭಾವನೆಯನ್ನು ಆ ಮೂರು ವರ್ಷಕ್ಕೆ ಹಂಚಿ ನೋಡಿದರೆ ಬದುಕುವುದೇ ಕಷ್ಟ ಅಂತ. ಕೆಲವೇ ದಿನಗಳಲ್ಲಿ ಅವರಿಗೆ ಒಂದೇ ರಾತ್ರಿ 4 ಆಸ್ಕರ್ ಬಂದವು. ಅಂಥವರ ಮಾತೇ ಇದಾದರೆ ಉಳಿದವರ ಪಾಡು ಊಹಿಸಬಹುದು, ಅಲ್ವಾ?

ಲಾಭದಲ್ಲಿ ಪಾಲು ಸಿಗುವುದಿಲ್ವಾ ಅಂತ ಕೇಳಬಹುದು. ಒಪ್ಪಂದದಲ್ಲಿ ಇರುತ್ತದೆ, ಆದರೆ ಸಾಲಿನ ಕೊನೆಯಲ್ಲಿ. ಟಿಕೆಟ್ ಹಣದಲ್ಲಿ ಮೊದಲು ಥಿಯೇಟರ್ ಪಾಲು ಹೋಗುತ್ತದೆ, ಆಮೇಲೆ ವಿತರಕರ ಕಮಿಷನ್ನು, ಪ್ರಚಾರದ ಖರ್ಚು, ಅದಾದ ಮೇಲೆ ದುಡ್ಡು ಹಾಕಿದವರ ಬಂಡವಾಳ, ಇಷ್ಟೆಲ್ಲ ಕಳೆದು ಏನಾದರೂ ಉಳಿದರೆ ನಿರ್ದೇಶಕರ ಸರದಿ. ಸಣ್ಣ ಚಿತ್ರಗಳಲ್ಲಿ ಉಳಿಯುವುದು ಅಪರೂಪ.

ಹಾಗಾಗಿ ಒಬ್ಬೊಬ್ಬರು ಒಂದೊಂದು ದಾರಿ ಹುಡುಕಿಕೊಂಡಿದ್ದಾರೆ. ಅಮೆರಿಕದ ನಟ-ನಿರ್ದೇಶಕ ಜಾನ್ ಕಸಾವೆಟಿಸ್ ಬೇರೆಯವರ ಚಿತ್ರಗಳಲ್ಲಿ ನಟಿಸಿ, ಆ ಹಣವನ್ನು ತಮ್ಮ ಚಿತ್ರಗಳಿಗೆ ಹಾಕಿದರು. ತಮ್ಮ ಮನೆಯಲ್ಲೇ ಶೂಟಿಂಗ್ ಕೂಡ ಮಾಡಿದರು. ಕ್ರಿಸ್ಟೋಫರ್ ನೋಲನ್ ಮೊದಲ ಚಿತ್ರ ಮಾಡುವಾಗ ತಂಡದವರಿಗೆಲ್ಲ ಬೇರೆ ಬೇರೆ ಕೆಲಸಗಳಿದ್ದವು. ವಾರದ ರಜೆಯಲ್ಲಿ ಮಾತ್ರ ಕ್ಯಾಮೆರಾ ಹೊರಬರುತ್ತಿತ್ತು. ಅಮೆರಿಕದ ನಿರ್ದೇಶಕಿ ಕೆಲಿ ರೈಕಾರ್ಟ್ ಅವರ ಕಥೆ ನನಗೆ ತುಂಬಾ ಮುಖ್ಯ ಅನ್ನಿಸುತ್ತದೆ. ಅವರ ಮೊದಲ ಚಿತ್ರ 1994ರದ್ದು, ಎರಡನೆಯ ಪೂರ್ಣ ಪ್ರಮಾಣದ ಚಿತ್ರ 2006ರದ್ದು. ಆಮೇಲೆ ಒಂದರ ಹಿಂದೊಂದು ಚಿತ್ರ ಮಾಡುತ್ತಿದ್ದಾಗಲೂ ಬಾರ್ಡ್ ಕಾಲೇಜಿನಲ್ಲಿ ಪಾಠ ಮಾಡುವುದನ್ನು ಬಿಡಲಿಲ್ಲ.

ಯಾವ ಕೆಲಸ ಒಳ್ಳೆಯದು? ನನ್ನ ಅಭಿಪ್ರಾಯದಲ್ಲಿ, ಬರೆಯುವುದಕ್ಕೆ ತಲೆ ಖಾಲಿ ಬಿಡುವ ಕೆಲಸ. ದಿನವಿಡೀ ಬೇರೆಯವರ ಸ್ಕ್ರಿಪ್ಟ್ ತಿದ್ದುತ್ತಾ ಕೂತರೆ ರಾತ್ರಿ ಸ್ವಂತದ್ದು ಬರೆಯಲು ಮನಸ್ಸೇ ಬರುವುದಿಲ್ಲ. ಸಂಬಳ ಸ್ವಲ್ಪ ಕಡಿಮೆಯಾದರೂ ಪರವಾಗಿಲ್ಲ, ಸಮಯ ಸಿಗಬೇಕು.

ಯಾಕೆಂದರೆ ಚಿತ್ರ ನಿಂತಿರುವಾಗಲೂ ನಡೆಯುವ ಕೆಲಸ ಬರವಣಿಗೆ ಒಂದೇ. ಅದಕ್ಕೆ ಯಾರ ದುಡ್ಡೂ ಬೇಡ, ಯಾರ ಒಪ್ಪಿಗೆಯೂ ಬೇಡ. ಆದರೆ ಕೈ ಬಿಗಿಯಾಗಿದೆ ಅಂತ ಸ್ಕ್ರಿಪ್ಟನ್ನು ಪೂರ್ತಿ ಮಾರಬೇಡಿ. ಮಾರಿದರೆ ಅದನ್ನು ಬೇರೆಯವರು ನಿರ್ದೇಶಿಸಬಹುದು. ಅದರ ಬದಲು ಆಪ್ಷನ್ ಒಪ್ಪಂದ ಕೇಳಿ: ನಿರ್ಮಾಪಕರು ಸ್ವಲ್ಪ ಹಣ ಕೊಟ್ಟು ನಿಗದಿತ ಅವಧಿಗೆ ಕಥೆಯನ್ನು ಕಾಯ್ದಿರಿಸುತ್ತಾರೆ, ಅಷ್ಟರೊಳಗೆ ಅವರು ಹಕ್ಕು ಕೊಂಡುಕೊಳ್ಳದಿದ್ದರೆ ಅದು ನಿಮ್ಮಲ್ಲೇ ಉಳಿಯುತ್ತದೆ. ನಿರ್ದೇಶನ ನಿಮ್ಮದೇ ಅನ್ನುವ ಸಾಲನ್ನು ಸಹಿ ಹಾಕುವ ಮುಂಚೆಯೇ ಅದರಲ್ಲಿ ಬರೆಸಿಕೊಳ್ಳಿ.