ಮೂರನೇ ಒಂದು ಪಾಲು: ಮುಂಬೈ ಗಿರಣಿ ಜಾಗ ಹೋದ ದಾರಿ

ಮುಂಬೈನ ಲೋಯರ್ ಪರೇಲ್‌ಗೆ ಈಗ ಹೋದರೆ ಗಾಜಿನ ಆಫೀಸುಗಳು, ಮಾಲ್‌ಗಳು, ತಲೆಯೆತ್ತಿ ನೋಡಬೇಕಾದ ಅಪಾರ್ಟ್‌ಮೆಂಟ್‌ಗಳು ಕಾಣುತ್ತವೆ. ನಡುವೆ ಅಲ್ಲಲ್ಲಿ ಮುಚ್ಚಿದ ಬಟ್ಟೆ ಗಿರಣಿಯ ಒಂದೊಂದು ಹಳೆಯ ಚಿಮಣಿ. ಸೊರಗಿದ ನಗರಕ್ಕೆ ಮತ್ತೆ ಜೀವ ಬಂದಿದ್ದಕ್ಕೆ ಇದನ್ನೇ ಉದಾಹರಣೆಯಾಗಿ ತೋರಿಸುವವರಿದ್ದಾರೆ. ನಾನು ಒಪ್ಪುವುದಿಲ್ಲ. ಈ ಜಾಗಕ್ಕೆ ಒಂದು ಒಳ್ಳೆಯ ನಿಯಮ ಇತ್ತು. ಆ ನಿಯಮ ನಂಬಿಕೊಂಡು ಒಂದು ಒಳ್ಳೆಯ ಯೋಜನೆಯೂ ತಯಾರಾಗಿತ್ತು. ಎರಡೂ ಕೈತಪ್ಪಿ ಹೋದವು. ಅದು ಹೇಗಾಯಿತು ಅಂತ ತಿಳಿಯಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

1854ರಲ್ಲಿ ಕಾವಸ್‌ಜೀ ದಾವರ್ ಎಂಬ ಪಾರ್ಸಿ ವ್ಯಾಪಾರಿ ತಾಡದೇವದಲ್ಲಿ ಮುಂಬೈನ ಮೊದಲ ಹತ್ತಿ ಮಿಲ್ ಕಟ್ಟಲು ಹೊರಟ. ಎರಡು ವರ್ಷದಲ್ಲಿ ನೂಲು ಬರತೊಡಗಿತು. ಆಮೇಲೆ ಪರೇಲ್, ಲಾಲ್‌ಬಾಗ್, ವರ್ಲಿ, ಭಾಯ್‌ಖಳಾ ಕಡೆ ಒಂದರ ಪಕ್ಕ ಒಂದು ಮಿಲ್ ಎದ್ದಿತು. ಈ ಇಡೀ ಭಾಗಕ್ಕೆ ಗಿರಣಗಾಂವ್ ಅನ್ನುವ ಹೆಸರು ಬಂತು. ಕೊಂಕಣ, ಸಾತಾರಾ, ಕೊಲ್ಹಾಪುರದಿಂದ ಜನ ಬಂದರು. ಹೆಚ್ಚಿನವರು ಹೆಂಡತಿ ಮಕ್ಕಳನ್ನು ಊರಲ್ಲೇ ಬಿಟ್ಟು ಬಂದ ಗಂಡಸರು. ಚಾಳ್ ಅಂದರೆ ಸಾಲು ಕೋಣೆಗಳ ಕಟ್ಟಡ, ಅದರ ಒಂದೇ ಕೋಣೆಯಲ್ಲಿ ಹತ್ತು ಹದಿನೈದು ಜನ ಇರುತ್ತಿದ್ದರು. ಒಂದು ಪಾಳಿಯವರು ಮಿಲ್‌ಗೆ ಹೋದಾಗ ಇನ್ನೊಂದು ಪಾಳಿಯವರು ಅದೇ ಜಾಗದಲ್ಲಿ ಚಾಪೆ ಹಾಸಿ ಮಲಗುತ್ತಿದ್ದರು. ಇವರಿಗೆ ಅಡುಗೆ ಮಾಡಿ ಹಾಕುವುದೇ ಸಾವಿರಾರು ಹೆಂಗಸರ ಜೀವನಕ್ಕೆ ದಾರಿಯಾಗಿತ್ತು. ಅಂಥ ಖಾನಾವಳಿ ನಡೆಸುವ ಹೆಂಗಸರೇ ಸೇರಿ 1975ರಲ್ಲಿ ಅನ್ನಪೂರ್ಣಾ ಮಹಿಳಾ ಮಂಡಳ ಕಟ್ಟಿಕೊಂಡರು.

ನಮ್ಮವರೂ ಈ ಊರಿನ ಸುತ್ತಮುತ್ತ ಇದ್ದರು. ಉಡುಪಿ, ಮಂಗಳೂರು ಕಡೆಯಿಂದ ಬಂದ ಹುಡುಗರು ಹಗಲು ಮುಂಬೈನ ಹೋಟೆಲ್‌ಗಳಲ್ಲಿ ದುಡಿದು, ಸಂಜೆ ಕನ್ನಡ ರಾತ್ರಿಶಾಲೆಗೆ ಹೋಗುತ್ತಿದ್ದರು. ಮಿಲ್‌ನ ಸೈರನ್ ಕೂಗಿದರೆ ಕಾರ್ಮಿಕರಷ್ಟೇ ಅಲ್ಲ, ಹೋಟೆಲ್, ಕಿರಾಣಿ ಅಂಗಡಿ, ಹಾಲಿನವನು ಎಲ್ಲರೂ ಅದಕ್ಕೇ ಗಡಿಯಾರ ಹೊಂದಿಸಿಕೊಳ್ಳುತ್ತಿದ್ದ ಕಾಲ ಅದು.

1982ರ ಜನವರಿ 18ರಂದು ಕಾರ್ಮಿಕ ನಾಯಕ ದತ್ತಾ ಸಾಮಂತ್ ನೇತೃತ್ವದಲ್ಲಿ ಸುಮಾರು ಎರಡೂವರೆ ಲಕ್ಷ ಕಾರ್ಮಿಕರು ಮುಷ್ಕರಕ್ಕೆ ಇಳಿದರು. ಆ ಮುಷ್ಕರ ಮುಗಿಯಿತು ಅಂತ ಯಾರೂ ಅಧಿಕೃತವಾಗಿ ಹೇಳಲೇ ಇಲ್ಲ. ವರ್ಷ ದಾಟಿತು, ಜನ ಸೋತರು. ಹಲವರು ಊರಿಗೆ ಮರಳಿದರು, ಸಾವಿರಾರು ಜನರಿಗೆ ಕೆಲಸ ಮತ್ತೆ ಸಿಗಲಿಲ್ಲ. ಮಿಲ್‌ಗಳು ಹಾಳಾಗಿದ್ದಕ್ಕೆ ಮುಷ್ಕರವೇ ಕಾರಣ ಅಂತ ಸುಲಭವಾಗಿ ಹೇಳಿಬಿಡುತ್ತಾರೆ. ಅದು ಪೂರ್ತಿ ಸರಿಯಲ್ಲ. ಯಂತ್ರಗಳು ಹಳೆಯದಾಗಿದ್ದವು, ಮುಂಬೈ ಹತ್ತಿರದ ಭಿವಂಡಿಯ ಪವರ್‌ಲೂಮ್‌ಗಳು ಕಡಿಮೆ ದರಕ್ಕೆ ಬಟ್ಟೆ ನೇಯುತ್ತಿದ್ದವು, ಸೊರಗಿದ ಮಿಲ್‌ಗಳನ್ನು ಸರ್ಕಾರ ವಹಿಸಿಕೊಳ್ಳುವುದು 1970ರ ದಶಕದಲ್ಲೇ ಶುರುವಾಗಿತ್ತು. ಇನ್ನೊಂದು ಕಡೆ ಮಿಲ್ ನಿಂತಿದ್ದ ನೆಲದ ಬೆಲೆ ಏರುತ್ತಲೇ ಇತ್ತು. ಬಟ್ಟೆ ಮಾರಿ ಬರುವ ಲಾಭಕ್ಕಿಂತ ನೆಲ ಮಾರಿದರೆ ಬರುವ ದುಡ್ಡು ಜಾಸ್ತಿ ಆದ ಮೇಲೆ ಮಿಲ್ ನಡೆಸುವ ಮನಸ್ಸು ಯಾರಿಗಿರುತ್ತೆ?

ಆದರೆ ನೆಲವನ್ನು ಬೇಕಾದ ಹಾಗೆ ಮಾರುವಂತಿರಲಿಲ್ಲ. ನಗರದ ನಕ್ಷೆಯಲ್ಲಿ ಅದು ಕೈಗಾರಿಕೆಗೆ ಮೀಸಲಾದ ಜಾಗ. ಎಲ್ಲ ಸೇರಿದರೆ ಸುಮಾರು 600 ಎಕರೆ, ಅದೂ ಮುಂಬೈನ ಹೊಟ್ಟೆಯಲ್ಲಿ. 1991ರಲ್ಲಿ ರಾಜ್ಯ ಸರ್ಕಾರ ಅಭಿವೃದ್ಧಿ ನಿಯಮಗಳಲ್ಲಿ 58ನೇ ನಿಯಮ ತಂದಿತು. ಮಿಲ್ ಕೆಡವಿ ಬೇರೆ ಏನಾದರೂ ಕಟ್ಟಬೇಕಾದರೆ ಜಾಗವನ್ನು ಹೆಚ್ಚುಕಡಿಮೆ ಮೂರು ಪಾಲು ಮಾಡಬೇಕು. ಒಂದು ಪಾಲು ಮಹಾನಗರಪಾಲಿಕೆಗೆ, ಪಾರ್ಕು, ಆಟದ ಮೈದಾನ ಇಂಥದ್ದಕ್ಕೆ. ಇನ್ನೊಂದು ಪಾಲು ರಾಜ್ಯದ ವಸತಿ ಸಂಸ್ಥೆ ಮ್ಹಾಡಾಗೆ, ಸಾಮಾನ್ಯ ಜನರ ಮನೆಗಳಿಗೆ. ಉಳಿದದ್ದು ಮಾಲೀಕನಿಗೆ. ಉಸಿರಾಡಲು ಜಾಗವಿಲ್ಲದ ಮುಂಬೈಗೆ ಇಂಥ ಅವಕಾಶ ಇನ್ನೊಮ್ಮೆ ಸಿಗುವುದು ಕಷ್ಟ ಅಂತ ಆಗ ಬಹಳ ಜನ ಅಂದುಕೊಂಡಿದ್ದರು.

1996ರಲ್ಲಿ ಸರ್ಕಾರ ವಾಸ್ತುಶಿಲ್ಪಿ ಚಾರ್ಲ್ಸ್ ಕೊರಿಯಾ ಅವರಿಗೆ ಈ ಜಾಗದ ಯೋಜನೆಯ ಹೊಣೆ ಕೊಟ್ಟಿತು. ನವಿ ಮುಂಬೈ ರೂಪಿಸಿದವರಲ್ಲಿ ಒಬ್ಬರು ಇವರು. ಬೆಂಗಳೂರಿನ ವಿಶ್ವೇಶ್ವರಯ್ಯ ಗೋಪುರವೂ ಇವರದೇ ವಿನ್ಯಾಸ. ಸರ್ಕಾರ ವಹಿಸಿಕೊಂಡ ಮಿಲ್‌ಗಳು ಇದ್ದದ್ದು ರಾಷ್ಟ್ರೀಯ ಜವಳಿ ನಿಗಮದ ಕೈಯಲ್ಲಿ. ಆ ನಿಗಮದ 25 ಮಿಲ್‌ಗಳನ್ನು ಇಟ್ಟುಕೊಂಡು ಅವರ ಸಮಿತಿ ಯೋಜನೆ ಮಾಡಿತು. ಅದರ ಜೀವಾಳ ಸರಳವಾಗಿದೆ. ಒಂದೊಂದು ಮಿಲ್‌ಗೂ ಬೇರೆ ಬೇರೆ ಕಾಂಪೌಂಡ್ ಗೋಡೆ ಇದೆ. ಪ್ರತಿಯೊಂದರಲ್ಲೂ ಮೂರನೇ ಒಂದು ಪಾಲು ಕತ್ತರಿಸಿಕೊಂಡರೆ ಚೂರುಚೂರು ಜಾಗ ಸಿಗುತ್ತದೆ, ಯಾವುದಕ್ಕೂ ಸಾಲದು. ಅಕ್ಕಪಕ್ಕದ ಮಿಲ್‌ಗಳ ಜಾಗ ಒಟ್ಟುಗೂಡಿಸಿ ಹಂಚಿದರೆ ದೊಡ್ಡ ಪಾರ್ಕು, ನೇರ ರಸ್ತೆ, ಸರಿಯಾದ ವಸತಿ ಎಲ್ಲ ಆಗುತ್ತವೆ. ಪರೇಲ್ ಮತ್ತು ಎಲ್ಫಿನ್‌ಸ್ಟನ್ ರೋಡ್ (ಈಗಿನ ಹೆಸರು ಪ್ರಭಾದೇವಿ) ಎರಡು ಬೇರೆ ರೈಲು ಮಾರ್ಗದ ನಿಲ್ದಾಣಗಳು, ಆದರೆ ಪಕ್ಕಪಕ್ಕದಲ್ಲೇ ಇವೆ. ಅಲ್ಲಿ ಜನ ನಡೆದಾಡಲು ಒಂದು ವಿಶಾಲ ಚೌಕ ಬಿಡಬೇಕು ಅನ್ನುವುದು ಯೋಜನೆಯ ಮುಖ್ಯ ಮಾತು. ವರದಿ ಕಪಾಟು ಸೇರಿತು.

ಇಷ್ಟರಲ್ಲಿ ನಿಯಮದ ಇನ್ನೊಂದು ಸಂದು ಕೆಲಸ ಮಾಡುತ್ತಿತ್ತು. ಹಳೆ ಕಟ್ಟಡ ಕೆಡವದೆ ಒಳಗಿನ ಬಳಕೆ ಮಾತ್ರ ಬದಲಿಸಿದರೆ ಪಾಲು ಕೊಡಬೇಕಾಗಿರಲಿಲ್ಲ. ಹಾಗಾಗಿ ಮಗ್ಗ ಇದ್ದ ಶೆಡ್‌ಗಳಲ್ಲಿ ಬೌಲಿಂಗ್ ಆಡುವ ಜಾಗ, ಅಂಗಡಿ, ಆಫೀಸು, ಹೋಟೆಲ್ ಬಂದವು. ಫೀನಿಕ್ಸ್ ಮಿಲ್, ಕಮಲಾ ಮಿಲ್ ಅನ್ನುವ ಹೆಸರುಗಳು ಮಾತ್ರ ಉಳಿದವು.

2001ರಲ್ಲಿ ದೊಡ್ಡ ಪೆಟ್ಟು ಬಿತ್ತು. ಸರ್ಕಾರ 58ನೇ ನಿಯಮ ತಿದ್ದಿತು. ಮೂರು ಪಾಲು ಮಾಡಬೇಕಾದದ್ದು ಇಡೀ ಜಾಗವನ್ನಲ್ಲ, ಕಟ್ಟಡ ಇಲ್ಲದೆ ಖಾಲಿ ಬಿದ್ದಿರುವ ಜಾಗವನ್ನು ಮಾತ್ರ ಅಂತಾಯಿತು. ಮಿಲ್ ಕಾಂಪೌಂಡ್ ನೋಡಿದವರಿಗೆ ಇದರ ಅರ್ಥ ತಕ್ಷಣ ಗೊತ್ತಾಗುತ್ತದೆ. ಅಲ್ಲಿ ಗೋಡೆಯಿಂದ ಗೋಡೆಗೆ ಶೆಡ್ ಇರುತ್ತದೆ, ಖಾಲಿ ಜಾಗ ಎಲ್ಲಿರುತ್ತೆ? ಶೆಡ್ ಕೆಡವಿದ ಮೇಲೂ ಅದರ ಅಡಿಯ ನೆಲ ಪಾಲಿನ ಲೆಕ್ಕಕ್ಕೆ ಬರುವುದಿಲ್ಲ. ಹಳೆಯ ನಿಯಮದಿಂದ ಮಾಲೀಕರು ಮುಂದೆ ಬರುತ್ತಿರಲಿಲ್ಲ, ಕಾರ್ಮಿಕರ ಬಾಕಿ ತೀರುತ್ತಿರಲಿಲ್ಲ ಅನ್ನುವುದು ತಿದ್ದುಪಡಿಯ ಪರ ಇದ್ದ ವಾದ. ಬಾಕಿಯ ಮಾತು ಸುಳ್ಳಲ್ಲ, ಜನ ವರ್ಷಗಟ್ಟಲೆ ಕಾದಿದ್ದರು. ಆದರೆ ಬಾಕಿ ತೀರಿಸಲು ಊರಿನ ಪಾಲನ್ನೇ ಬಿಟ್ಟುಕೊಡಬೇಕಾಗಿತ್ತಾ?

ಪರಿಸರ ಸಂಘಟನೆಯೊಂದು ಕೋರ್ಟಿಗೆ ಹೋಯಿತು. 2005ರಲ್ಲಿ ಬಾಂಬೆ ಹೈಕೋರ್ಟ್ ಇಡೀ ಜಾಗದ ಲೆಕ್ಕವೇ ಸರಿ ಅಂದಿತು. 2006ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟ್ ಆ ತೀರ್ಪನ್ನು ಬದಿಗಿಟ್ಟು ತಿದ್ದುಪಡಿ ಎತ್ತಿಹಿಡಿಯಿತು. ಅಷ್ಟರಲ್ಲಿ ಜವಳಿ ನಿಗಮ ತನ್ನ ಐದು ಮಿಲ್‌ಗಳನ್ನು ಹರಾಜು ಹಾಕಿತ್ತು. ಮುಂಬೈ ಟೆಕ್ಸ್‌ಟೈಲ್ ಮಿಲ್ ಒಂದೇ 702 ಕೋಟಿ ರೂಪಾಯಿಗೆ ಹೋಯಿತು.

ಆಮೇಲೆ ಬಂದ ಕಟ್ಟಡಗಳೆಲ್ಲ ತಮ್ಮ ಕಾಂಪೌಂಡಿನೊಳಗೆ ಚೆನ್ನಾಗಿಯೇ ಇವೆ. ಗೇಟಿನಾಚೆ ಮಾತ್ರ ರಸ್ತೆ ಅದೇ, ಫುಟ್‌ಪಾತ್ ಅದೇ, ರೈಲು ನಿಲ್ದಾಣವೂ ಅದೇ. ಮಿಲ್ ಕಾರ್ಮಿಕ ಪಕ್ಕದ ಚಾಳ್‌ನಿಂದ ನಡೆದು ಬರುತ್ತಿದ್ದ. ಆಫೀಸಿನವರು ದೂರದ ವಿರಾರ್, ಕಲ್ಯಾಣ್‌ನಿಂದ ರೈಲಿನಲ್ಲಿ ಬರುತ್ತಾರೆ. ಎಲ್ಫಿನ್‌ಸ್ಟನ್ ರೋಡ್ ನಿಲ್ದಾಣದ ಇಕ್ಕಟ್ಟಾದ ಸೇತುವೆಯ ಬಗ್ಗೆ ಪ್ರಯಾಣಿಕರು ವರ್ಷಗಳಿಂದ ದೂರುತ್ತಿದ್ದರು. 2017ರ ಸೆಪ್ಟೆಂಬರ್ 29ರ ಬೆಳಗ್ಗೆ ಮಳೆ ಬರುತ್ತಿದ್ದಾಗ ಅದೇ ಸೇತುವೆಯ ಮೆಟ್ಟಿಲಲ್ಲಿ ಕಾಲ್ತುಳಿತವಾಗಿ 23 ಜನ ಸತ್ತರು. ಚೌಕ ಬಿಡಿ ಅಂತ ಕೊರಿಯಾ ಹೇಳಿದ್ದ ಜಾಗ ಅದು. ಚೌಕ ಇದ್ದಿದ್ದರೆ ಈ ಸಾವು ತಪ್ಪುತ್ತಿತ್ತು ಅಂತ ಯಾರೂ ಖಾತ್ರಿ ಕೊಡಲಾರರು. ಆದರೆ ಇಲ್ಲಿ ಜನ ಸೇರುತ್ತಾರೆ, ಜಾಗ ಬೇಕು ಅಂತ ಒಬ್ಬರು ಇಪ್ಪತ್ತು ವರ್ಷ ಮೊದಲೇ ಬರೆದುಕೊಟ್ಟಿದ್ದರು. ಈಗಲೂ ಅದನ್ನು ನೆನೆದರೆ ಸಂಕಟವಾಗುತ್ತದೆ. ಅದಾದ ಮೂರು ತಿಂಗಳಿಗೆ, ಡಿಸೆಂಬರ್ 29ರಂದು, ಕಮಲಾ ಮಿಲ್ ಕಾಂಪೌಂಡಿನ ರೆಸ್ಟೋರೆಂಟ್‌ಗಳಿಗೆ ಬೆಂಕಿ ಬಿದ್ದು 14 ಜನ ಹೋದರು.

ಜರ್ಮನಿಯ ರೂರ್ ಪ್ರದೇಶದ ದಾರಿ ಬೇರೆಯಾಗಿತ್ತು. ಅಲ್ಲೂ ಕಲ್ಲಿದ್ದಲು, ಉಕ್ಕಿನ ಕಾರ್ಖಾನೆಗಳು ಮುಚ್ಚಿದವು. ಆದರೆ ರಾಜ್ಯ ಸರ್ಕಾರ ಒಂದು ನಿಧಿ ಮಾಡಿ ಹಳೆ ಕಾರ್ಖಾನೆಗಳ ಜಾಗವನ್ನು ಮೊದಲು ತಾನೇ ಕೊಂಡಿತು. ವಿನ್ಯಾಸಕಾರರನ್ನು ಕರೆದದ್ದು ಆಮೇಲೆ. 1989ರಿಂದ ಹತ್ತು ವರ್ಷ ನಡೆದ ಎಮ್‌ಶರ್ ಪಾರ್ಕ್ ಯೋಜನೆಯಲ್ಲಿ ಡ್ಯೂಸ್‌ಬರ್ಗ್‌ನ ಉಕ್ಕಿನ ಕುಲುಮೆ ಸಾರ್ವಜನಿಕ ಉದ್ಯಾನವಾಯಿತು. ಜನ ಈಗ ಅದರ ಮೇಲೇ ಹತ್ತಿ ಸುತ್ತಲಿನ ಊರು ನೋಡುತ್ತಾರೆ. ಬೆಂಗಳೂರಿನಲ್ಲಿ ನಾವು ಮುಂಬೈ ದಾರಿಯನ್ನೇ ಹಿಡಿದೆವು. ಮಲ್ಲೇಶ್ವರದ ರಾಜಾ ಮಿಲ್ ಜಾಗದಲ್ಲಿ ಮಂತ್ರಿ ಮಾಲ್ ಬಂತು, ಬಿನ್ನಿ ಮಿಲ್ ಜಾಗದಲ್ಲಿ ಅಪಾರ್ಟ್‌ಮೆಂಟ್‌ಗಳು.

ಗಿರಣಿ ಕಾರ್ಮಿಕರ ಮನೆಯ ಕಥೆ ಇನ್ನೂ ಮುಗಿದಿಲ್ಲ. ಮನೆ ಬೇಕು ಅಂತ ಸುಮಾರು ಒಂದೂವರೆ ಲಕ್ಷ ಕಾರ್ಮಿಕರು ಅಥವಾ ಅವರ ವಾರಸುದಾರರು ಅರ್ಜಿ ಹಾಕಿದರು. 2012ರ ಲಾಟರಿಯಲ್ಲಿ 6,925 ಮನೆ ಹಂಚಲಾಯಿತು. ಆಮೇಲೆ ಇನ್ನೂ ಕೆಲವು ಲಾಟರಿ ಆದವು. ಎಲ್ಲ ಕೂಡಿಸಿದರೂ ಅರ್ಜಿದಾರರಲ್ಲಿ ಐವರಲ್ಲಿ ಒಬ್ಬರಿಗೂ ಮನೆ ಸಿಕ್ಕಿಲ್ಲ. ಉಳಿದವರಿಗೆ ಸರ್ಕಾರ ತೋರಿಸಿದ್ದು ಮುಂಬೈನಿಂದ ದೂರ, ಕರ್ಜತ್ ರೈಲು ಮಾರ್ಗದ ಶೇಲು, ವಾಂಗಣಿಯ ಮನೆಗಳನ್ನು. ನಮಗೆ ಮುಂಬೈಯಲ್ಲೇ ಕೊಡಿ ಅಂತ ವಯಸ್ಸಾದ ಕಾರ್ಮಿಕರು ಆಜಾದ್ ಮೈದಾನದಲ್ಲಿ ಕೂತರು.

ಅದೇ ಗಿರಣಗಾಂವ್‌ನಲ್ಲಿ, ಮಿಲ್‌ಗಳಿಂದ ಸ್ವಲ್ಪವೇ ದೂರದಲ್ಲಿ, ಬೇರೆ ಥರದ ಕೆಲಸವೂ ನಡೆಯುತ್ತಿದೆ. ವರ್ಲಿ, ನಾಯ್‌ಗಾಂವ್, ಎನ್.ಎಂ. ಜೋಶಿ ಮಾರ್ಗದ ಬಿಡಿಡಿ (ಬಾಂಬೆ ಡೆವಲಪ್‌ಮೆಂಟ್ ಡಿಪಾರ್ಟ್‌ಮೆಂಟ್) ಚಾಳ್‌ಗಳನ್ನು 1920ರ ದಶಕದಲ್ಲಿ ಸರ್ಕಾರವೇ ಕಟ್ಟಿಸಿತ್ತು. ಜಾಗ ಸರ್ಕಾರದ ಕೈಯಲ್ಲೇ ಉಳಿದಿತ್ತು. ಹಾಗಾಗಿ ಯಾರನ್ನೂ ಊರಾಚೆ ಕಳಿಸದೆ, 160 ಚದರಡಿ ಕೋಣೆಯವರಿಗೆ ಅಲ್ಲೇ 500 ಚದರಡಿ ಮನೆ ಕೊಡುವ ಯೋಜನೆಯನ್ನು ಮ್ಹಾಡಾ ಕೈಗೆತ್ತಿಕೊಂಡಿತು. 2025ರ ಆಗಸ್ಟ್‌ನಲ್ಲಿ ವರ್ಲಿಯ 556 ಕುಟುಂಬಗಳಿಗೆ ಬೀಗದ ಕೈ ಸಿಕ್ಕಿತು. ಹೊಸ ಕಟ್ಟಡಗಳು ತೀರಾ ಎತ್ತರ, ಚಾಳ್‌ನ ಉದ್ದನೆಯ ಪಡಸಾಲೆ ಅಲ್ಲಿಲ್ಲ, ತಿಂಗಳ ನಿರ್ವಹಣೆ ವೆಚ್ಚದ ಚಿಂತೆಯೂ ಇದೆ. ಆದರೂ ಆ ಕುಟುಂಬಗಳು ತಮ್ಮ ಮಕ್ಕಳ ಶಾಲೆ, ತಮ್ಮ ಕೆಲಸ, ತಮ್ಮ ನೆರೆಯವರನ್ನು ಬಿಟ್ಟು ಹೋಗಬೇಕಾಗಿ ಬರಲಿಲ್ಲ.